ಕೋಣನಕುಂಟೆಯಲ್ಲಿ ಮುಚ್ಚಿದ ಬಾಯಿ: ರಾಜೀವ್ ಹತ್ಯೆಯ ಹೊಣೆ ಕುರಿತು ಒಬ್ಬ ಓದುಗರ ಅನುಮಾನಗಳಿಗೆ ಉತ್ತರ

ಪ್ರಶ್ನೆ: 1991ರ ಆಗಸ್ಟ್‌ನಲ್ಲಿ ನಾನು ಏಳನೆಯ ತರಗತಿಯಲ್ಲಿದ್ದೆ. ರಾಜೀವ್ ಗಾಂಧಿಯವರನ್ನು ಕೊಂದವರೆನ್ನಲಾದವರು ಅಡಗಿದ್ದ, ಬೆಂಗಳೂರಿನ ಕೋಣನಕುಂಟೆಯ ಮನೆಯನ್ನು ಪೊಲೀಸರು ಸುತ್ತುವರಿದಿದ್ದಾರೆಂಬ ಸುದ್ದಿ ಹಬ್ಬಿದಾಗ ನನ್ನ ತಂದೆ ಸೈಕಲ್ಲಿನ ಹಿಂದೆ ನನ್ನನ್ನು ಕೂರಿಸಿಕೊಂಡು ಹೋಗಿ, ಪೊಲೀಸರು ಜನರನ್ನು ತಡೆದು ನಿಲ್ಲಿಸಿದ್ದ ಜಾಗದವರೆಗೆ ಕರೆದೊಯ್ದಿದ್ದರು. ಅಲ್ಲಿ ನೆರೆದವರಲ್ಲಿ ಯಾರೋ ಒಬ್ಬರು, "ಒಳಗಿರೋರು ಸಾಯ್ಲಿ ಅಂತಾನೇ ಕಾಯ್ತಾವ್ರೆ, ಬದುಕಿದ್ರೆ ಬಾಯಿ ಬಿಡ್ತಾರಲ್ಲ" ಎಂದದ್ದು ನನಗೆ ಇಂದಿಗೂ ನೆನಪಿದೆ. ತಂದೆಯವರು ಕೊನೆಯವರೆಗೂ ಅದನ್ನೇ ನಂಬಿದ್ದರು. 2022ರಲ್ಲಿ ರಾಜೀವ್ ಗಾಂಧಿ ಹತ್ಯೆಯ ಅಪರಾಧಿಗಳನ್ನು ಸುಪ್ರೀಂ ಕೋರ್ಟೇ ಬಿಡುಗಡೆ ಮಾಡಿದಾಗ ಅವರ ಮಾತು ಮತ್ತೆ ಕಾಡತೊಡಗಿತು. ಕೊಂದವರು ಇವರೇ ಆಗಿದ್ದರೆ ಬಿಟ್ಟದ್ದೇಕೆ? ಇವರಲ್ಲವಾದರೆ ಕೊಂದವರು ಯಾರು? ವೇದಿಕೆಯ ಹತ್ತಿರವಿದ್ದ ಪಕ್ಷದ ದೊಡ್ಡ ನಾಯಕರಲ್ಲಿ ಯಾರಿಗೂ ಏನೂ ಆಗಲಿಲ್ಲವೆನ್ನುತ್ತಾರೆ. ಹತ್ಯೆಯ ವಿಚಾರಣೆಗೆ ನೇಮಕವಾಗಿದ್ದ ಜೈನ್ ಆಯೋಗವು ಇನ್ನೂ ದೊಡ್ಡ ಸಂಚಿನ ಸುಳಿವು ಕೊಟ್ಟಿತ್ತೆಂದೂ ಓದಿದ್ದೇನೆ. ಈ ಪ್ರಕರಣವನ್ನು ಮತ್ತೆ ತೆರೆಯಲು ಸಾಧ್ಯವೇ? ಮಾಹಿತಿ ಹಕ್ಕಿನಡಿ ಅರ್ಜಿ ಹಾಕಿದರೆ ಏನಾದರೂ ಸಿಕ್ಕೀತೇ?

ಉತ್ತರ: ನೀವು ಒಂದೇ ಪ್ರಶ್ನೆ ಕೇಳಿದ್ದೇನೆ ಎಂದುಕೊಂಡಿರಬಹುದು. ಕ್ರಿಮಿನಲ್ ವಕೀಲನಾಗಿ ಮೂರು ದಶಕಗಳಿಗೂ ಹೆಚ್ಚು ಕಾಲ ಸೆಷನ್ಸ್ ನ್ಯಾಯಾಲಯಗಳಲ್ಲಿ ಕೊಲೆ ಪ್ರಕರಣಗಳನ್ನೇ ನಡೆಸಿದ ನನಗೆ ಅದರಲ್ಲಿ ನಾಲ್ಕು ಪ್ರಶ್ನೆಗಳು ಕಾಣುತ್ತವೆ. ಬಾಂಬು ಕಟ್ಟಿಕೊಂಡು ಬಂದವಳೂ ಅವಳನ್ನು ಕರೆತಂದವರೂ ಯಾರು ಎಂಬುದು ಒಂದು. ಅವರನ್ನು ಕಳುಹಿಸಿದವರು ಯಾರು ಎಂಬುದು ಇನ್ನೊಂದು. ಶಿಕ್ಷೆಗೊಳಗಾದ ಒಬ್ಬೊಬ್ಬರ ಪಾಲು ಎಷ್ಟಿತ್ತು, ಅದು ಸರಿಯಾಗಿ ರುಜುವಾತಾಯಿತೇ ಎಂಬುದು ಬೇರೆಯದೇ ಪ್ರಶ್ನೆ. ಗೊತ್ತಿದ್ದೂ ಸುಮ್ಮನಿದ್ದವರು, ತಡೆಯಬೇಕಾಗಿದ್ದೂ ತಡೆಯದವರು, ತೆರೆಮರೆಯಲ್ಲಿ ನೆರವಾದವರು ಇದ್ದರೇ ಎಂಬುದು ಕೊನೆಯದು. ಮೊದಲೆರಡಕ್ಕೆ ಉತ್ತರ ಸಾಕಷ್ಟು ಗಟ್ಟಿಯಾಗಿದೆ, ಮೂರನೆಯದರಲ್ಲಿ ನಿಜವಾದ ತಕರಾರಿದೆ, ನಾಲ್ಕನೆಯದು ಬಹುಮಟ್ಟಿಗೆ ಉತ್ತರವಿಲ್ಲದೆ ಉಳಿದಿದೆ. ನಾಲ್ಕನೆಯದಕ್ಕೆ ಉತ್ತರವಿಲ್ಲ ಎಂಬುದನ್ನೇ ಮೊದಲನೆಯದಕ್ಕೂ ಉತ್ತರವಿಲ್ಲ ಎಂದು ಓದಿಕೊಳ್ಳುವುದರಿಂದಲೇ ನಿಮ್ಮ ತಂದೆಯವರಂತಹ ಸಾವಿರಾರು ಮಂದಿಯ ಅನುಮಾನ ಬೆಳೆದದ್ದು. ಈ ಪ್ರಕರಣದಲ್ಲಿ ನಾನು ಯಾವ ಪಕ್ಷದ ಪರವಾಗಿಯೂ ಹಾಜರಾದವನಲ್ಲ. ತೀರ್ಪನ್ನು ವೃತ್ತಿಯ ಕಣ್ಣಿನಿಂದ ಓದಿದವನು ಅಷ್ಟೇ.

1991ರ ಮೇ 21ರ ರಾತ್ರಿ ಹತ್ತು ಗಂಟೆ ದಾಟಿದ ಮೇಲೆ, ಮದ್ರಾಸಿನಿಂದ ಸುಮಾರು 40 ಕಿಲೋಮೀಟರ್ ದೂರದ ಶ್ರೀಪೆರಂಬುದೂರಿನಲ್ಲಿ, ಕಾಂಗ್ರೆಸ್ ಅಭ್ಯರ್ಥಿ ಮರಗತಂ ಚಂದ್ರಶೇಖರ್ ಅವರ ಪರವಾಗಿ ಏರ್ಪಾಡಾಗಿದ್ದ ಚುನಾವಣಾ ಸಭೆಗೆ ರಾಜೀವ್ ಬಂದಿಳಿದರು. ಗಂಧದ ಹಾರ ಹಿಡಿದು ನಿಂತಿದ್ದ ಧನು ಎಂಬ ಯುವತಿ ಅವರ ಕಾಲು ಮುಟ್ಟುವವಳಂತೆ ಬಾಗಿ, ಮೈಗೆ ಕಟ್ಟಿಕೊಂಡಿದ್ದ ಬಾಂಬನ್ನು ಸಿಡಿಸಿದಳು. ಬಾಂಬು ಹೂಬುಟ್ಟಿಯಲ್ಲಿತ್ತು, ವೇದಿಕೆಯ ಕೆಳಗಿತ್ತು, ದೂರದಿಂದ ರಿಮೋಟಿನಲ್ಲಿ ಸಿಡಿಸಿದರು ಎಂಬ ಕಥೆಗಳು ಆ ವಾರವೇ ಹುಟ್ಟಿದವು, ಕೆಲವು ಇಂದಿಗೂ ಬದುಕಿವೆ. ವಿಧಿವಿಜ್ಞಾನದವರು ಅವನ್ನು ತಳ್ಳಿಹಾಕಿದ್ದು ಊಹೆಯಿಂದಲ್ಲ. ಯುವತಿಯೊಬ್ಬಳ ತಲೆ ಮತ್ತು ಕೈಕಾಲುಗಳು ಸಿಕ್ಕಿದವು, ನಡುವಿನ ದೇಹ ಮಾತ್ರ ಛಿದ್ರವಾಗಿ ಹೋಗಿತ್ತು. ಜೊತೆಗೆ ಡೆನಿಮ್ ಬಟ್ಟೆಯ ಚೂರುಗಳು, ತಂತಿಯ ತುಂಡುಗಳು, ಸಣ್ಣ ಉಕ್ಕಿನ ಗುಂಡುಗಳು ದೊರೆತವು. ಸ್ಫೋಟದ ಮೂಲ ಎಲ್ಲಿತ್ತೋ ಅಲ್ಲಿ ಎಲ್ಲಕ್ಕಿಂತ ಹೆಚ್ಚು ನಾಶವಾಗಿರುತ್ತದೆ ಎಂಬ ಸರಳ ತತ್ತ್ವದ ಮೇಲೆ, ತಮಿಳುನಾಡಿನ ವಿಧಿವಿಜ್ಞಾನ ಪ್ರಯೋಗಾಲಯದ ನಿರ್ದೇಶಕ ಪಿ. ಚಂದ್ರಶೇಖರನ್ ಅವರು ಆಕೆಯ ಸೊಂಟದ ಪಟ್ಟಿಯೇ ಬಾಂಬೆಂದು ತೀರ್ಮಾನಿಸಿದರು.

ಅವಳ ಜೊತೆಗಿದ್ದವರು ಯಾರು ಎಂಬುದನ್ನು ಹೇಳಿದ್ದು ಒಂದು ಕ್ಯಾಮೆರಾ. ಸಂಚುಕೋರರೇ ತಮ್ಮ ಕೃತ್ಯದ ಚಿತ್ರ ಬೇಕೆಂದು ಹರಿಬಾಬು ಎಂಬ ಛಾಯಾಗ್ರಾಹಕನನ್ನು ಅಲ್ಲಿಗೆ ಕರೆತಂದಿದ್ದರು. ಸ್ಫೋಟದಲ್ಲಿ ಅವನೂ ಸತ್ತ. ಶವದ ಮೇಲಿದ್ದ ಕ್ಯಾಮೆರಾ ಒಡೆಯಲಿಲ್ಲ. ಅದರೊಳಗಿನ ಹತ್ತು ಚಿತ್ರಗಳಲ್ಲಿ ಒಂದರಲ್ಲಿ, ರಾಜೀವ್‌ಗೆ ಕವಿತೆ ಓದಲು ಬಂದಿದ್ದ ಬಾಲಕಿಯ ಪಕ್ಕದಲ್ಲಿ ಹಾರ ಹಿಡಿದ ಧನು ನಿಂತಿದ್ದಾಳೆ, ಒಂದು ಬದಿಯಲ್ಲಿ ಬಿಳಿ ಕುರ್ತಾ ಪೈಜಾಮ ತೊಟ್ಟು ಪತ್ರಕರ್ತನಂತೆ ಪುಸ್ತಕ ಹಿಡಿದ ಗಂಡಸೊಬ್ಬನಿದ್ದಾನೆ. ಅವನೇ ಶಿವರಾಸನ್, ಶ್ರೀಲಂಕಾದ ತಮಿಳು ಉಗ್ರಗಾಮಿ ಸಂಘಟನೆಯಾದ ಎಲ್‌ಟಿಟಿಇಯ ಒಕ್ಕಣ್ಣ. ಆ ಗಂಧದ ಹಾರವನ್ನು ಮದ್ರಾಸಿನ ಪೂಂಪುಹಾರ್ ಮಳಿಗೆಯಲ್ಲಿ ಕೊಂಡ ರಸೀದಿ ಹರಿಬಾಬುವಿನ ಮನೆಯಲ್ಲಿ ಸಿಕ್ಕಿತು. ಕೊಲೆ ಪ್ರಕರಣ ನಡೆಸಿದ ಯಾರನ್ನು ಬೇಕಾದರೂ ಕೇಳಿ: ನೂರು ಮಂದಿ ಕಣ್ಣಾರೆ ಕಂಡೆವೆಂದು ಹೇಳುವುದಕ್ಕಿಂತ ಇಂಥ ಒಂದು ರಸೀದಿ ಸಿಕ್ಕರೆ ಸರ್ಕಾರಿ ಅಭಿಯೋಜಕರು ಹೆಚ್ಚು ನೆಮ್ಮದಿಯಿಂದ ಮಲಗುತ್ತಾರೆ. ಕಂಡವರ ನೆನಪು ವರ್ಷ ಕಳೆದಂತೆ ಹಿಗ್ಗುತ್ತದೆ, ಕುಗ್ಗುತ್ತದೆ. ರಸೀದಿಯ ಮೇಲಿನ ಅಕ್ಷರ ಬದಲಾಗುವುದಿಲ್ಲ.

ಇನ್ನು ಕಳುಹಿಸಿದವರು. ಇಲ್ಲಿ ನನಗೆ ಎಲ್ಲಕ್ಕಿಂತ ಮಹತ್ವದ್ದೆನಿಸುವುದು ಹತ್ಯೆಗೆ ಮೊದಲೇ ಬರೆದ ಎರಡು ಪತ್ರಗಳು. ಮೇ 7ರಂದು ಮದ್ರಾಸಿನಲ್ಲಿ ವಿ.ಪಿ. ಸಿಂಗ್ ಅವರ ಸಭೆ ನಡೆಯಿತು. ಮಾಜಿ ಪ್ರಧಾನಿಯೊಬ್ಬರ ಹತ್ತಿರಕ್ಕೆ ಹಾರ ಹಿಡಿದು ಹೋಗಲು ಆಗುತ್ತದೆಯೇ ಎಂದು ಈ ತಂಡ ಅಲ್ಲಿ ಪರೀಕ್ಷಿಸಿ ನೋಡಿತು. ಎರಡು ದಿನ ಬಿಟ್ಟು, ಮೇ 9ರಂದು, ಶಿವರಾಸನ್ ಜೊತೆ ಬಂದಿದ್ದ ಯುವತಿಯರ ಕಡೆಯಿಂದ ಎಲ್‌ಟಿಟಿಇ ಗುಪ್ತಚರ ವಿಭಾಗದ ಮುಖ್ಯಸ್ಥ ಪೊಟ್ಟು ಅಮ್ಮಾನ್‌ಗೂ ಅದರ ಮಹಿಳಾ ಘಟಕದ ಅಕಿಲಾಗೂ ಪತ್ರಗಳು ಹೋದವು. ಬಂದ ಕೆಲಸ ಆಗಿಯೇ ತೀರುತ್ತದೆಂಬ ಭರವಸೆಯಿದೆ, ಇಂಥದೇ ಇನ್ನೊಂದು ಸಂದರ್ಭವನ್ನು ಈ ತಿಂಗಳೊಳಗೆ ಎದುರುನೋಡುತ್ತಿದ್ದೇವೆ ಎಂಬುದು ಅವುಗಳ ಸಾರ. ಇವಲ್ಲದೆ ಶಿವರಾಸನ್ ಮತ್ತು ಶ್ರೀಲಂಕಾದ ಜಾಫ್ನಾದ ನಡುವೆ ಹೋಗಿಬಂದ ಗುಪ್ತಲಿಪಿಯ ವೈರ್‌ಲೆಸ್ ಸಂದೇಶಗಳಿದ್ದವು. ಮೊದಲು ಅರ್ಥವಾಗದೆ ದಾಖಲಾಗಿದ್ದ ಅವು ಲಿಪಿಯ ಗುಟ್ಟು ತಿಳಿದ ಮೇಲೆ ಸಾಕ್ಷ್ಯವಾದವು. ಹತ್ಯೆಯ ನಂತರ ಹುಟ್ಟಿದ ದಾಖಲೆಗಳನ್ನು ಪೊಲೀಸರು ಹೊಂದಿಸಿದರು ಎಂದು ವಾದಿಸಬಹುದು. ಹತ್ಯೆಗೆ ಹನ್ನೆರಡು ದಿನ ಮೊದಲಿನ ಪತ್ರಕ್ಕೆ ಆ ವಾದ ಹೊಂದಿಸುವುದು ಬಲು ಕಷ್ಟ.

ಕಾರಣವೂ ನಿಗೂಢವಲ್ಲ. 1987ರ ಜುಲೈ 29ರ ಭಾರತ–ಶ್ರೀಲಂಕಾ ಒಪ್ಪಂದದ ನಂತರ ಹೋದ ನಮ್ಮ ಶಾಂತಿಪಾಲನಾ ಪಡೆ ಎಲ್‌ಟಿಟಿಇಯೊಂದಿಗೇ ಯುದ್ಧಕ್ಕೆ ನಿಂತು, 1990ರ ಮಾರ್ಚ್‌ನಲ್ಲಿ ಹಿಂದಿರುಗಿತ್ತು. ರಾಜೀವ್ ಮತ್ತೆ ಪ್ರಧಾನಿಯಾದರೆ ಪಡೆಯೂ ಮತ್ತೆ ಬರುತ್ತದೆಂಬ ಲೆಕ್ಕಾಚಾರವನ್ನೇ ನ್ಯಾಯಾಲಯ ಸಂಚಿನ ಮೂಲವೆಂದು ಒಪ್ಪಿತು. ಎಲ್‌ಟಿಟಿಇ ಮೊದಲಿಗೆ ತನಗೂ ಇದಕ್ಕೂ ಸಂಬಂಧವಿಲ್ಲವೆಂದಿತು. 2002ರಲ್ಲಿ ಪತ್ರಕರ್ತರು ಎದುರಿಗೇ ಕೇಳಿದಾಗ ಅದರ ಮುಖ್ಯಸ್ಥ ಪ್ರಭಾಕರನ್ ಅದೊಂದು ದುರಂತ ಘಟನೆಯೆಂದಷ್ಟೇ ಹೇಳಿ ಮುಂದಕ್ಕೆ ಹೋದ. 2006ರಲ್ಲಿ ಸಂಘಟನೆಯ ಸಿದ್ಧಾಂತಿ ಆಂಟನ್ ಬಾಲಸಿಂಗಂ ದೂರದರ್ಶನ ವಾಹಿನಿಯೊಂದರ ಮುಂದೆ ಆಳವಾದ ವಿಷಾದ ವ್ಯಕ್ತಪಡಿಸಿದರು. ವಿಷಾದವು ಕಾನೂನಿನ ದೃಷ್ಟಿಯಲ್ಲಿ ತಪ್ಪೊಪ್ಪಿಗೆಯಲ್ಲ, ನಿಜ. ಆದರೆ ತಮ್ಮ ಮೇಲೆ ಸುಳ್ಳು ಆರೋಪ ಹೊರಿಸಿದ್ದಾರೆಂದು ನಂಬುವವರು ಆಡುವ ಮಾತಿನ ಧಾಟಿ ಅದಲ್ಲ ಎಂಬುದು ನನ್ನ ಅನಿಸಿಕೆ.

ಈಗ ಕೋಣನಕುಂಟೆಗೆ ಬರೋಣ. ನಿಮ್ಮ ತಂದೆಯವರು ಕೇಳಿಸಿಕೊಂಡ ಮಾತಿನಲ್ಲಿ ಒಂದು ಸತ್ಯವೂ ಒಂದು ತಪ್ಪು ತೀರ್ಮಾನವೂ ಬೆರೆತಿವೆ. ಸತ್ಯವೆಂದರೆ, ಮನೆಯನ್ನು ಸುತ್ತುವರಿದ ಮೇಲೆ ಒಂದು ದಿನಕ್ಕೂ ಹೆಚ್ಚು ಕಾಲ ಕಾದು, ಆಗಸ್ಟ್ 20ರ ಬೆಳಗಿನ ಜಾವ ಕಮಾಂಡೋಗಳು ಒಳನುಗ್ಗಿದರು. ಅಂದು ರಾಜೀವ್ ಹುಟ್ಟಿದ ದಿನ ಎಂಬುದು ಜನರ ಬಾಯಲ್ಲಿ ಇನ್ನಷ್ಟು ಕಥೆಗಳಿಗೆ ದಾರಿಯಾಯಿತು. ಒಳಗೆ ಸಿಕ್ಕಿದ್ದು ಏಳು ಶವಗಳು. ಶಿವರಾಸನ್ ತಲೆಗೆ ಗುಂಡು ಹೊಡೆದುಕೊಂಡಿದ್ದ. ಧನುವಿನ ಜೊತೆಗಾತಿ ಶುಭಾ ಮತ್ತು ಇತರರು ಸಯನೈಡ್ ಕಚ್ಚಿದ್ದರು. ಮೃತರಲ್ಲಿ ಜಾಫ್ನಾಕ್ಕೆ ವೈರ್‌ಲೆಸ್ ಸಂದೇಶ ಕಳುಹಿಸುತ್ತಿದ್ದವನೂ ಇದ್ದ. ಮದ್ರಾಸಿನ ಬಾಡಿಗೆ ಮನೆಗಳಿಂದ ಜಾಫ್ನಾದವರೆಗಿನ ಇಡೀ ಸರಪಳಿಯನ್ನು ಬಲ್ಲವರು ಆ ಮನೆಯಲ್ಲಿದ್ದವರೇ. ಅವರು ಹೋದ ಮೇಲೆ ಯಾರು ಹಣ ಕೊಟ್ಟರು, ಯಾರು ಕಣ್ಣುಮುಚ್ಚಿ ಕುಳಿತರು ಎಂಬುದನ್ನು ಬಾಯಿಬಿಟ್ಟು ಹೇಳಬಲ್ಲವರು ಉಳಿಯಲಿಲ್ಲ. ಅಷ್ಟರಮಟ್ಟಿಗೆ ಅಂದಿನ ಜನರ ಸಿಟ್ಟು ನ್ಯಾಯವಾದದ್ದೇ.

ತಪ್ಪಾದದ್ದು ಕಾರಣವನ್ನು ಕಲ್ಪಿಸಿಕೊಂಡ ಬಗೆ. ಕಾದದ್ದು ಜೀವಂತ ಹಿಡಿಯುವ ಆಸೆಯಿಂದ. ಪ್ರತಿವಿಷವನ್ನೂ ಅದನ್ನು ಕೊಡಬಲ್ಲ ವೈದ್ಯರನ್ನೂ ಜೊತೆಯಲ್ಲಿಟ್ಟುಕೊಂಡೇ ನುಗ್ಗಬೇಕೆಂಬುದು ಯೋಜನೆಯಾಗಿತ್ತು. ಈ ಸಂಘಟನೆಯವರು ಕೊರಳಿನ ದಾರದಲ್ಲಿ ಸಯನೈಡ್ ಕೊಳವೆ ಕಟ್ಟಿಕೊಂಡೇ ತಿರುಗುತ್ತಿದ್ದರು. ಅದೇ ಆಗಸ್ಟ್‌ನಲ್ಲಿ, ಕೋಣನಕುಂಟೆಗೆ ಸ್ವಲ್ಪ ಮೊದಲು, ಮಂಡ್ಯ ಜಿಲ್ಲೆಯ ಮುತ್ತತ್ತಿಯ ಕಡೆ ಅಡಗಿದ್ದವರು ಪೊಲೀಸರನ್ನು ಕಂಡೊಡನೆ ಅದನ್ನು ಕಚ್ಚಿದ್ದರು. ಸಯನೈಡ್ ರಕ್ತಕ್ಕಿಳಿದರೆ ಜೀವಕೋಶಗಳು ಆಮ್ಲಜನಕವನ್ನು ಬಳಸುವ ಶಕ್ತಿಯನ್ನೇ ಕಳೆದುಕೊಳ್ಳುತ್ತವೆ. ಉಸಿರಾಡುತ್ತಿದ್ದರೂ ದೇಹ ಉಸಿರುಗಟ್ಟುತ್ತದೆ. ಪ್ರತಿವಿಷವನ್ನು ರಕ್ತನಾಳಕ್ಕೆ ಚುಚ್ಚಬೇಕು, ಅದೂ ಕೆಲವೇ ನಿಮಿಷಗಳೊಳಗೆ. ಹೀಗಾಗಿ ಬಾಗಿಲು ಒಡೆಯಲು ತಗಲುವ ಸಮಯವೇ ಒಳಗಿದ್ದವರಿಗೆ ಸಾಕಾಗಿತ್ತು. ಮೊದಲ ಗಂಟೆಯಲ್ಲೇ ನುಗ್ಗಿದ್ದರೆ ಒಬ್ಬಿಬ್ಬರಾದರೂ ಬದುಕಿ ಸಿಗುತ್ತಿದ್ದರೇ? ಸಿಗುತ್ತಿದ್ದರೇನೋ. ಕಾದದ್ದು ಎಡವಟ್ಟು ನಿರ್ಧಾರವೆಂದು ನಾನೂ ಒಪ್ಪುತ್ತೇನೆ. ಆದರೆ ಎಡವಟ್ಟಿಗೂ ಸಂಚಿಗೂ ವ್ಯತ್ಯಾಸವಿದೆ. ಬಾಯಿ ಮುಚ್ಚಿಸಬೇಕೆಂದಿದ್ದವರು ವೈದ್ಯರನ್ನು ಕರೆಸಿಕೊಂಡು ಕಾಯುವ ಅಗತ್ಯವಿರಲಿಲ್ಲ.

ನಾಯಕರಾರಿಗೂ ಏನೂ ಆಗಲಿಲ್ಲವೆಂಬ ಮಾತನ್ನು ಬೇಗನೆ ಮುಗಿಸಬಹುದು. ಜಿ.ಕೆ. ಮೂಪನಾರ್, ವಾಳಪ್ಪಾಡಿ ರಾಮಮೂರ್ತಿ, ಜಯಂತಿ ನಟರಾಜನ್ ಸಭೆಯ ಜಾಗದಲ್ಲಿದ್ದರು, ಬದುಕಿದರು. ಸತ್ತವರು ರಾಜೀವ್‌ಗೆ ಕೈ ಚಾಚುವಷ್ಟು ಹತ್ತಿರವಿದ್ದ ಪೊಲೀಸರು, ಅಂಗರಕ್ಷಕ, ಪಕ್ಷದ ಕಾರ್ಯಕರ್ತರು, ಆ ಬಾಲಕಿ. ಉಕ್ಕಿನ ಗುಂಡುಗಳಿಂದ ತುಂಬಿದ ಬಾಂಬಿನ ಮುಂದೆ ಎರಡು ಮೂರು ಮೀಟರುಗಳ ಅಂತರವೂ, ನಡುವೆ ಅಡ್ಡವಿದ್ದ ಮನುಷ್ಯದೇಹಗಳೂ ಬದುಕು ಸಾವನ್ನು ನಿರ್ಧರಿಸುತ್ತವೆ. ಬದುಕುಳಿದದ್ದನ್ನೇ ಅಪರಾಧದ ಗುರುತೆಂದು ಎಣಿಸುವುದು ಅನ್ಯಾಯ.

ನಾನು ನಿಧಾನವಾಗಿ ಹೇಳಬೇಕೆಂದಿರುವುದು ಮೂರನೆಯ ಪ್ರಶ್ನೆಯ ಬಗ್ಗೆ, ಏಕೆಂದರೆ ಅನುಮಾನಕ್ಕೆ ಯೋಗ್ಯವಾದ ನೆಲ ಇಲ್ಲಿದೆ. ಡಿ.ಆರ್. ಕಾರ್ತಿಕೇಯನ್ ನೇತೃತ್ವದ ವಿಶೇಷ ತನಿಖಾ ತಂಡವು ಹೆಸರಿಸಿದ ಆರೋಪಿಗಳು 41 ಮಂದಿ. ಅವರಲ್ಲಿ 12 ಮಂದಿ ಆಗಲೇ ಸತ್ತಿದ್ದರು. ಪ್ರಭಾಕರನ್, ಪೊಟ್ಟು ಅಮ್ಮಾನ್, ಅಕಿಲಾ ತಲೆಮರೆಸಿಕೊಂಡವರೆಂದು ದಾಖಲಾದರು. ಕಟಕಟೆಯಲ್ಲಿ ನಿಂತವರು ಉಳಿದ 26 ಮಂದಿ. ಅಂದರೆ ಕೊಂದವರೂ ಕೊಲ್ಲಿಸಿದವರೂ ನ್ಯಾಯಾಲಯಕ್ಕೆ ಬರಲೇ ಇಲ್ಲ. ಬಂದವರು ಬಹುಪಾಲು ಮನೆ ಕೊಟ್ಟವರು, ಜೊತೆಗೆ ಓಡಾಡಿದವರು, ಸಾಮಾನು ತಂದುಕೊಟ್ಟವರು. 1998ರ ಜನವರಿ 28ರಂದು ಮದ್ರಾಸಿನ ಹತ್ತಿರದ ಪೂನಮಲ್ಲಿಯಲ್ಲಿದ್ದ ಟಾಡಾ (ಭಯೋತ್ಪಾದನೆ ತಡೆ ಕಾಯ್ದೆ) ನ್ಯಾಯಾಲಯ ಈ 26 ಮಂದಿಗೂ ಒಂದೇ ಉಸಿರಿಗೆ ಮರಣದಂಡನೆ ವಿಧಿಸಿತು. 1999ರ ಮೇ 11ರಂದು ಸುಪ್ರೀಂ ಕೋರ್ಟ್ ಹತ್ಯೆಯ ಸಂಚಿನ ಆರೋಪದಿಂದ 19 ಮಂದಿಯನ್ನು ಬಿಡುಗಡೆಗೊಳಿಸಿ, ನಳಿನಿ, ಮುರುಗನ್, ಶಾಂತನ್, ಪೇರರಿವಾಳನ್ ಅವರ ಮರಣದಂಡನೆಯನ್ನು ಎತ್ತಿಹಿಡಿದು, ಇನ್ನು ಮೂವರ ಶಿಕ್ಷೆಯನ್ನು ಜೀವಾವಧಿಗೆ ಇಳಿಸಿತು. ಹತ್ತೊಂಬತ್ತು ಮಂದಿ ಖುಲಾಸೆಯಾದದ್ದರಿಂದ ಪ್ರಕರಣವೇ ಕುಸಿಯಿತೆಂದು ಹೇಳುವವರಿದ್ದಾರೆ. ನನಗೆ ಅದು ಮೇಲಿನ ನ್ಯಾಯಾಲಯ ಜರಡಿ ಹಿಡಿದದ್ದರ ಗುರುತು. ಆದರೆ ಕೆಳಗಿನ ನ್ಯಾಯಾಲಯ ಜರಡಿಯನ್ನೇ ಹಿಡಿಯಲಿಲ್ಲವೆಂಬುದಕ್ಕೂ ಅದೇ ಗುರುತು.

ತೊಡಕಿನ ಬೇರು ಟಾಡಾ ಕಾಯ್ದೆಯ 15ನೆಯ ಸೆಕ್ಷನ್‌ನಲ್ಲಿದೆ. ನಮ್ಮ ಸಾಕ್ಷ್ಯ ಕಾನೂನು ಬ್ರಿಟಿಷರ ಕಾಲದಿಂದಲೂ ಪೊಲೀಸರ ಮುಂದೆ ಕೊಟ್ಟ ತಪ್ಪೊಪ್ಪಿಗೆಯನ್ನು ಒಪ್ಪುವುದಿಲ್ಲ. ಟಾಡಾ ಮಾತ್ರ ಎಸ್‌ಪಿ ದರ್ಜೆಯ ಅಧಿಕಾರಿಯ ಮುಂದಿನ ತಪ್ಪೊಪ್ಪಿಗೆಗೆ ಬೆಲೆ ಕೊಟ್ಟಿತು. ಈ ಹತ್ಯೆಗೆ ಟಾಡಾದ ಭಯೋತ್ಪಾದನೆಯ ಅಪರಾಧ ಅನ್ವಯಿಸುವುದಿಲ್ಲವೆಂದು ಸುಪ್ರೀಂ ಕೋರ್ಟ್ ಹೇಳಿಯೂ, ಅದೇ ಟಾಡಾದಡಿ ಪಡೆದ ತಪ್ಪೊಪ್ಪಿಗೆಗಳನ್ನು ಕೊಲೆಯ ಆರೋಪಕ್ಕೆ ಬಳಸಿಕೊಂಡಿತು. ಕಾನೂನಿನ ಅಕ್ಷರದಲ್ಲಿ ಅದಕ್ಕೆ ಅವಕಾಶವಿತ್ತು; ಸಾಮಾನ್ಯ ಓದುಗರಿಗೆ ಅದು ವಿಚಿತ್ರವಾಗಿ ಕಂಡರೆ ತಪ್ಪೇನೂ ಇಲ್ಲ. ಒಬ್ಬನ ತಪ್ಪೊಪ್ಪಿಗೆಗೆ ಸಹ ಆರೋಪಿಯ ವಿರುದ್ಧ ಎಷ್ಟು ತೂಕ ಕೊಡಬೇಕು, ನಳಿನಿಗೆ ಗಲ್ಲು ಬೇಕೇ ಎಂಬುದರಲ್ಲಿ ಮೂವರು ನ್ಯಾಯಮೂರ್ತಿಗಳ ನಡುವೆಯೇ ಒಮ್ಮತವಿರಲಿಲ್ಲ.

ಪೊಲೀಸರು ಬರೆದುಕೊಂಡ ಹೇಳಿಕೆಯನ್ನು ವಕೀಲರು ಏಕೆ ಅನುಮಾನದಿಂದ ನೋಡುತ್ತೇವೆಂಬುದಕ್ಕೆ ನನ್ನ ಅನುಭವದ ಒಂದು ತುಣುಕು. ಬಹಳ ಹಿಂದೆ ನಾನು ನಡೆಸಿದ ಒಂದು ಪ್ರಕರಣದಲ್ಲಿ ಅಕ್ಷರ ಬಾರದ ಕೂಲಿಯಾಳಿನ ಹೇಳಿಕೆಯನ್ನು ಠಾಣೆಯಲ್ಲಿ ಬರೆದುಕೊಂಡಿದ್ದರು. "ನಾನು ಸದರಿ ಸ್ಥಳಕ್ಕೆ ಹೋಗಿ ಸದರಿ ಮಚ್ಚಿನಿಂದ ಮೃತನ ಎಡಭಾಗಕ್ಕೆ" ಎಂದು ಅದು ಆರಂಭವಾಗುತ್ತಿತ್ತು. ಹುಟ್ಟಿದಾಗಿನಿಂದ ಆ ಮನುಷ್ಯ "ಸದರಿ" ಎಂಬ ಪದವನ್ನು ಬಾಯಲ್ಲಿ ಆಡಿದವನಲ್ಲ. ಸುಳ್ಳು ಹೇಳಿಕೆ ಎಂದು ನಾನು ಹೇಳುತ್ತಿಲ್ಲ. ಹೇಳಿದವನ ಬಾಯಿಗೂ ಬರೆದವನ ಲೇಖನಿಗೂ ನಡುವೆ ಏನೋ ಸೇರಿಕೊಂಡಿರುತ್ತದೆ, ಏನೋ ಬಿಟ್ಟುಹೋಗಿರುತ್ತದೆ. ಪೇರರಿವಾಳನ್ ವಿಷಯದಲ್ಲಿ ಹೀಗೆ ಬಿಟ್ಟುಹೋದದ್ದು ಏನೆಂಬುದು ತಡವಾಗಿ ಹೊರಬಂತು. ಬಂಧನವಾದಾಗ ಅವನಿಗೆ 19 ವರ್ಷ. ಬಾಂಬಿಗೆ ಬಳಸಿದ 9 ವೋಲ್ಟಿನ ಎರಡು ಬ್ಯಾಟರಿಗಳನ್ನು ತಂದುಕೊಟ್ಟನೆಂಬುದು ಅವನ ಮೇಲಿನ ಮುಖ್ಯ ಆರೋಪ. ಬ್ಯಾಟರಿ ಯಾವ ಕೆಲಸಕ್ಕೆಂದು ತನಗೆ ಗೊತ್ತಿರಲಿಲ್ಲವೆಂದು ಅವನು ಹೇಳಿದ್ದ ಮಾತನ್ನು ತಾನು ಬರೆದುಕೊಂಡಿರಲಿಲ್ಲವೆಂದು, ಹೇಳಿಕೆ ದಾಖಲಿಸಿದ ಎಸ್‌ಪಿಯೇ ನಿವೃತ್ತಿಯ ನಂತರ, 2013ರಲ್ಲಿ, ಬಹಿರಂಗವಾಗಿ ಹೇಳಿದರು. ಸಂಚಿನ ಪ್ರಕರಣದಲ್ಲಿ ಬ್ಯಾಟರಿ ಕೊಂಡದ್ದಕ್ಕಿಂತ ಅದು ಏಕೆಂದು ಗೊತ್ತಿತ್ತೇ ಎಂಬುದೇ ಮುಖ್ಯ. ಆ ಒಂದು ವಾಕ್ಯ ಇದ್ದಿದ್ದರೆ ಅವನ ಪಾಲಿನ ತೀರ್ಪು ಬೇರೆಯಾಗುವ ಸಾಧ್ಯತೆ ಬಹಳವಿತ್ತೆಂದು ನಾನು ನಂಬಿದ್ದೇನೆ. ಆದರೂ ಗಮನಿಸಿ: ಆ ವಾಕ್ಯ ಪೇರರಿವಾಳನ್‌ನ ಅಪರಾಧವನ್ನು ಅಲುಗಿಸುತ್ತದೆ, ಶಿವರಾಸನ್‌ನ ಅಪರಾಧವನ್ನಲ್ಲ.

ಬಿಡುಗಡೆಯ ಗೊಂದಲವೂ ಇಲ್ಲಿಯೇ ಬಿಡಿಸಿಕೊಳ್ಳುತ್ತದೆ. ನಳಿನಿಯ ಮರಣದಂಡನೆ 2000ದಲ್ಲಿ ಜೀವಾವಧಿಗೆ ಇಳಿಯಿತು. ಉಳಿದ ಮೂವರ ಕ್ಷಮಾದಾನದ ಅರ್ಜಿಗಳು ಹತ್ತು ವರ್ಷಕ್ಕೂ ಮೀರಿ ಕೊಳೆತದ್ದರಿಂದ ಸುಪ್ರೀಂ ಕೋರ್ಟ್ 2014ರ ಫೆಬ್ರುವರಿ 18ರಂದು ಅವರ ಶಿಕ್ಷೆಯನ್ನೂ ಜೀವಾವಧಿಗೆ ಇಳಿಸಿತು. 2018ರ ಸೆಪ್ಟೆಂಬರಿನಲ್ಲಿ ತಮಿಳುನಾಡು ಸಚಿವ ಸಂಪುಟ ಏಳೂ ಮಂದಿಯ ಬಿಡುಗಡೆಗೆ ಶಿಫಾರಸು ಮಾಡಿತು. ರಾಜ್ಯಪಾಲರು ತೀರ್ಮಾನಿಸದೆ ಕಡತವನ್ನು ಇಟ್ಟುಕೊಂಡರು. ಸಂವಿಧಾನದ 161ನೆಯ ವಿಧಿಯಡಿ ರಾಜ್ಯಪಾಲರು ಸಂಪುಟದ ಸಲಹೆಗೆ ಬದ್ಧರು ಎಂದು ಹೇಳಿ, 142ನೆಯ ವಿಧಿಯ ವಿಶೇಷಾಧಿಕಾರ ಬಳಸಿ, ಸುಪ್ರೀಂ ಕೋರ್ಟ್ 2022ರ ಮೇ 18ರಂದು ಪೇರರಿವಾಳನ್‌ನನ್ನೂ ನವೆಂಬರ್ 11ರಂದು ಉಳಿದ ಆರು ಮಂದಿಯನ್ನೂ ಬಿಡುಗಡೆ ಮಾಡಿತು. ಇದು ಮೂರು ದಶಕಗಳ ಸೆರೆವಾಸದ ನಂತರದ ಅವಧಿಪೂರ್ವ ಬಿಡುಗಡೆ, ಖುಲಾಸೆಯಲ್ಲ. 1999ರ ತೀರ್ಪು ದಾಖಲೆಯಲ್ಲಿ ಇದ್ದಂತೆಯೇ ಇದೆ. "ಬಿಟ್ಟದ್ದೇಕೆ" ಎಂಬ ನಿಮ್ಮ ಪ್ರಶ್ನೆಗೆ ಉತ್ತರ ರಾಜಭವನದ ಕಡತದಲ್ಲಿದೆಯೇ ಹೊರತು ಶ್ರೀಪೆರಂಬುದೂರಿನಲ್ಲಿಲ್ಲ.

ಇನ್ನು ನಾಲ್ಕನೆಯದು. ಭದ್ರತೆಯ ಲೋಪಗಳನ್ನು ನ್ಯಾಯಮೂರ್ತಿ ಜೆ.ಎಸ್. ವರ್ಮಾ ಆಯೋಗ ನೋಡಿತು. ವಿಶೇಷ ರಕ್ಷಣಾ ದಳದ (ಎಸ್‌ಪಿಜಿ) 1988ರ ಕಾಯ್ದೆ ಹಾಲಿ ಪ್ರಧಾನಿಗೆ ಮಾತ್ರ ರಕ್ಷಣೆ ಕೊಡುತ್ತಿತ್ತು. ಅಧಿಕಾರ ಹೋದ ಮೇಲೆ ರಾಜೀವ್‌ಗಿದ್ದ ಆ ರಕ್ಷಣೆಯನ್ನು ತೆಗೆದರು, ಅದಕ್ಕೆ ಸಮನಾದ ಬೇರೆ ವ್ಯವಸ್ಥೆ ಮಾಡಲಿಲ್ಲ. ಕಾಯ್ದೆಗೆ ತಿದ್ದುಪಡಿ ತಂದು ಮಾಜಿ ಪ್ರಧಾನಿಗಳನ್ನು ಸೇರಿಸಿದ್ದು ಹತ್ಯೆಯಾದ ಮೇಲೆ. ಸಭೆಯಲ್ಲಿ ಹಾರ ಹಾಕುವವರ ಪಟ್ಟಿ ಇತ್ತು, ಅದರಲ್ಲಿ ಧನುವಿನ ಹೆಸರಿರಲಿಲ್ಲ. ಮಹಿಳಾ ಪೊಲೀಸ್ ಒಬ್ಬರು ಅವಳನ್ನು ತಡೆಯಲೂ ನೋಡಿದ್ದರು. ಇವೆಲ್ಲ ನಾಚಿಕೆಗೇಡಿನ ಲೋಪಗಳು, ಆದರೆ ಚುನಾವಣೆಯ ಸಭೆಗಳಲ್ಲಿ ನಾವು ದಿನವೂ ಕಾಣುವ ಬಗೆಯ ಲೋಪಗಳು.

ವಿಶಾಲ ಸಂಚನ್ನು ನೋಡಲು ನೇಮಕವಾದ ನ್ಯಾಯಮೂರ್ತಿ ಮಿಲಾಪ್ ಚಂದ್ ಜೈನ್ ಆಯೋಗದ ಕಥೆ ಬೇರೆ. 1997ರಲ್ಲಿ ಅದರ ಮಧ್ಯಂತರ ವರದಿ ಸೋರಿಕೆಯಾಗಿ, ಅದರಲ್ಲಿ ಆಗ ಕೇಂದ್ರ ಸರ್ಕಾರದ ಭಾಗವಾಗಿದ್ದ ಡಿಎಂಕೆಯ ಮೇಲಿದ್ದ ಆಕ್ಷೇಪಗಳ ಕಾರಣದಿಂದ ಕಾಂಗ್ರೆಸ್ ಬೆಂಬಲ ಹಿಂತೆಗೆದುಕೊಂಡು, ಐ.ಕೆ. ಗುಜ್ರಾಲ್ ಸರ್ಕಾರ ನವೆಂಬರಿನಲ್ಲಿ ಬಿದ್ದಿತು. ಸತ್ಯಶೋಧನೆಯ ವರದಿಯೊಂದು ಸರ್ಕಾರ ಉರುಳಿಸುವ ಕೋಲಾದ ಆ ಕ್ಷಣದಿಂದ ಅದನ್ನು ಯಾರೂ ಸಮಚಿತ್ತದಿಂದ ಓದಲಿಲ್ಲ. ಪ್ಯಾಲೆಸ್ತೀನ್ ನಾಯಕ ಯಾಸರ್ ಅರಾಫತ್ ಅಪಾಯದ ಮುನ್ಸೂಚನೆ ಕೊಟ್ಟಿದ್ದರೆಂಬ ವಿಷಯವೂ ಆಯೋಗದ ಮುಂದೆ ಬಂತು. ರಾಜಕಾರಣಿಗಳಿಗೆ ಹತ್ತಿರವಿದ್ದ ತಾಂತ್ರಿಕ ಚಂದ್ರಸ್ವಾಮಿಯಂಥವರ ಪಾತ್ರದ ಬಗ್ಗೆ ಹೆಚ್ಚಿನ ತನಿಖೆಯಾಗಲೆಂದು ಅಂತಿಮ ವರದಿ ಹೇಳಿತು. ಅದಕ್ಕೆಂದೇ 1998ರಲ್ಲಿ ಸಿಬಿಐ ಅಡಿಯಲ್ಲಿ ಬಹುಶಿಸ್ತೀಯ ನಿಗಾ ಸಂಸ್ಥೆಯೊಂದು ಹುಟ್ಟಿತು. ಅದು ಮುಚ್ಚಿದ ಲಕೋಟೆಗಳಲ್ಲಿ ವರದಿ ಕೊಡುತ್ತಾ, ಹೊರದೇಶಗಳಿಗೆ ಬರೆದ ಪತ್ರಗಳಿಗೆ ಉತ್ತರ ಕಾಯುತ್ತಾ ಎರಡು ದಶಕಕ್ಕೂ ಹೆಚ್ಚು ಕಾಲ ಕಳೆದು, ಹೊಸದಾಗಿ ಯಾರ ಮೇಲೂ ದೋಷಾರೋಪ ಪಟ್ಟಿ ಸಲ್ಲಿಸದೆ 2022ರಲ್ಲಿ ಮುಚ್ಚಿಹೋಯಿತು. ಯಾವ ನ್ಯಾಯಾಲಯವೂ ಚಂದ್ರಸ್ವಾಮಿಯನ್ನಾಗಲಿ ಯಾವ ವಿದೇಶಿ ಸಂಸ್ಥೆಯನ್ನಾಗಲಿ ಹೊಣೆ ಮಾಡಿಲ್ಲ. ವದಂತಿಗೆ ಇದಕ್ಕಿಂತ ಒಳ್ಳೆಯ ಗೊಬ್ಬರ ಬೇಕಿಲ್ಲ: ಅನುಮಾನವಿದೆಯೆಂದು ಸರ್ಕಾರವೇ ಸಂಸ್ಥೆ ಕಟ್ಟುತ್ತದೆ, ಏನು ಕಂಡಿತೆಂದು ಹೇಳದೆ ಅದನ್ನು ಮುಚ್ಚುತ್ತದೆ. ಟಾಡಾ ನ್ಯಾಯಾಲಯದ ವಿಚಾರಣೆಯೂ ಸಾರ್ವಜನಿಕರಿಗೆ ಪ್ರವೇಶವಿಲ್ಲದೆ ನಡೆದಿತ್ತೆಂಬುದನ್ನು ಇದಕ್ಕೆ ಸೇರಿಸಿಕೊಳ್ಳಿ.

ಮತ್ತೆ ತೆರೆಯಲು ಸಾಧ್ಯವೇ ಎಂದು ಕೇಳಿದ್ದೀರಿ. ಕಾನೂನಿನಲ್ಲಿ ದಾರಿಯಿದೆ. ದೋಷಾರೋಪ ಪಟ್ಟಿ ಸಲ್ಲಿಸಿದ ಮೇಲೂ ಹೊಸ ಸಾಕ್ಷ್ಯ ಸಿಕ್ಕರೆ ಮುಂದಿನ ತನಿಖೆ ನಡೆಸಲು ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 173(8)ರಲ್ಲಿ ಅವಕಾಶವಿತ್ತು, ಈಗಿನ ನಾಗರಿಕ ಸುರಕ್ಷಾ ಸಂಹಿತೆಯಲ್ಲೂ ಇದೆ. ತೊಡಕೆಂದರೆ ಹೊಸ ಸಾಕ್ಷ್ಯವನ್ನು ಯಾರು ತರುತ್ತಾರೆಂಬುದು. ಪ್ರಭಾಕರನ್ 2009ರ ಮೇ ತಿಂಗಳಲ್ಲಿ ಸತ್ತ; ಅವನ ಮತ್ತು ಪೊಟ್ಟು ಅಮ್ಮಾನ್‌ನ ಮೇಲಿನ ಪ್ರಕರಣವನ್ನು 2010ರಲ್ಲಿ ಕೈಬಿಟ್ಟರು. ಮೂವತ್ತು ವರ್ಷ ದಾಟಿದ ಮೇಲೆ ಬರುವ ಸಾಕ್ಷಿ ಸಾಮಾನ್ಯವಾಗಿ ನೆನಪನ್ನಲ್ಲ, ಪತ್ರಿಕೆಯಲ್ಲಿ ಓದಿದ್ದನ್ನು ಹೇಳುತ್ತಾನೆ. ಅಂಥವನ ಮಾತಿನ ಮೇಲೆ ಇನ್ನೊಬ್ಬ ಪೇರರಿವಾಳನ್ ಸಿಕ್ಕಿಬೀಳುವ ಅಪಾಯ ನನಗೆ ಚಿಕ್ಕದಾಗಿ ಕಾಣುವುದಿಲ್ಲ. ಹೊಸ ವಿಚಾರಣಾ ಆಯೋಗವೊಂದನ್ನು ಕೇಳಬಹುದು, ಆದರೆ 1952ರ ಕಾಯ್ದೆಯಡಿ ಆಯೋಗದ ವರದಿ ಬರಿಯ ಅಭಿಪ್ರಾಯ. ಅದರ ಮುಂದೆ ಕೊಟ್ಟ ಹೇಳಿಕೆಯನ್ನು ಹೇಳಿದವನ ಮೇಲೆಯೇ ಬಳಸುವಂತಿಲ್ಲ. ಜೈನ್ ಆಯೋಗದ ಗತಿಯನ್ನು ನೋಡಿದ ಮೇಲೆ ನಾನಂತೂ ಆ ದಾರಿಯನ್ನು ಸೂಚಿಸಲಾರೆ.

ಉಳಿದದ್ದು ದಾಖಲೆಗಳ ದಾರಿ. ನಿಮ್ಮಂಥವರ ಕೈಗೆಟುಕುವುದು ಇದೊಂದೇ. ಗುಪ್ತಚರ ಸಂಸ್ಥೆಗಳು ಮಾಹಿತಿ ಹಕ್ಕು ಕಾಯ್ದೆಯ ವ್ಯಾಪ್ತಿಯಿಂದ ಹೊರಗಿವೆ, 2011ರಿಂದ ಸಿಬಿಐಯೂ ಹೊರಗಿದೆ. ಆದ್ದರಿಂದ ಅಲ್ಲಿಗೆ ಅರ್ಜಿ ಹಾಕಿ, ತಿರಸ್ಕೃತವಾದದ್ದನ್ನೇ "ಮುಚ್ಚಿಡುತ್ತಿದ್ದಾರೆ" ಎಂಬುದಕ್ಕೆ ಪುರಾವೆಯೆಂದು ತಿಳಿಯುವ ಬಲೆಗೆ ಬೀಳಬೇಡಿ. ಬೆಂಗಳೂರಿನ ಬಾಡಿಗೆ ಕರಾರಿನಂಥ ಸಣ್ಣ ಕಾಗದವನ್ನು ನೀವು ಕೇಳಿದರೂ ಆ ಸಂಸ್ಥೆಗಳು ಅದೇ ಉತ್ತರ ಕೊಡುತ್ತವೆ. ಕೇಳುವುದಿದ್ದರೆ ಕೇಂದ್ರ ಗೃಹ ಸಚಿವಾಲಯವನ್ನು ಕೇಳಿ. ಕಾಯ್ದೆಯ 8(3)ನೆಯ ಉಪಸೆಕ್ಷನ್ ಪ್ರಕಾರ ಇಪ್ಪತ್ತು ವರ್ಷ ದಾಟಿದ ಘಟನೆಗಳ ಮಾಹಿತಿಯನ್ನು ದೇಶದ ಭದ್ರತೆ, ಸಂಸತ್ತಿನ ಹಕ್ಕು, ಸಂಪುಟದ ಕಾಗದಗಳಂಥ ಕೆಲವೇ ಕಾರಣಗಳ ಮೇಲೆ ಮಾತ್ರ ತಡೆಹಿಡಿಯಬಹುದು. "ಹತ್ಯೆಯ ಹಿಂದೆ ಯಾರಿದ್ದರು" ಎಂದು ಬರೆದರೆ ಅರ್ಜಿ ಕಸದ ಬುಟ್ಟಿಗೆ ಹೋಗುತ್ತದೆ. ನಿಗಾ ಸಂಸ್ಥೆಯನ್ನು ಮುಚ್ಚಿದ ಆದೇಶದ ಪ್ರತಿ, ಅದು ಯಾವ ಯಾವ ದೇಶಗಳಿಗೆ ಪತ್ರ ಬರೆಯಿತು, ಎಷ್ಟಕ್ಕೆ ಉತ್ತರ ಬಂತು, ಜೈನ್ ಆಯೋಗದ ಶಿಫಾರಸುಗಳ ಮೇಲೆ ಕೈಗೊಂಡ ಕ್ರಮ, ಹೀಗೆ ಒಂದೊಂದೇ ಕಾಗದವನ್ನು ಗುರುತಿಸಿ, ಬೇರೆ ಬೇರೆ ಅರ್ಜಿಗಳಲ್ಲಿ ಕೇಳಿ. ತಿರಸ್ಕರಿಸಿದರೆ ಯಾವ ಸೆಕ್ಷನ್ನಿನಡಿ ಎಂದು ಬರೆದು ಕೊಡಲೇಬೇಕು, ಮೇಲ್ಮನವಿಗೆ ಅದೇ ಆಧಾರ.

ಅರ್ಜಿ ಬರೆಯುವ ಮೊದಲು 1999ರ ಸುಪ್ರೀಂ ಕೋರ್ಟ್ ತೀರ್ಪನ್ನು ಒಮ್ಮೆ ಓದಿ. ಅದು ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತದೆ. ಉದ್ದವಿದೆ, ಮೂವರೂ ನ್ಯಾಯಮೂರ್ತಿಗಳು ಬೇರೆ ಬೇರೆ ಬರೆದಿದ್ದಾರೆ. ಎಲ್ಲವನ್ನೂ ಓದಲಾಗದಿದ್ದರೆ ಮೇ 7ರ ಸಭೆ ಮತ್ತು ಮೇ 9ರ ಪತ್ರಗಳನ್ನು ಚರ್ಚಿಸಿದ ಭಾಗವನ್ನು ಮೊದಲು ತೆಗೆಯಿರಿ, ಆಮೇಲೆ ಪೇರರಿವಾಳನ್ ಕುರಿತ ಭಾಗಕ್ಕೆ ಬನ್ನಿ. ಎರಡನ್ನೂ ಒಂದೇ ದಿನ ಓದಿದರೆ, ಎಲ್ಲಿ ಸಾಕ್ಷ್ಯ ಬಿಗಿಯಾಗಿದೆ, ಎಲ್ಲಿ ಸಡಿಲವಾಗಿದೆ ಎಂಬುದನ್ನು ನಾನು ಹೇಳದೆಯೇ ನೀವು ಗುರುತಿಸುತ್ತೀರಿ.